ಬಾಯಿ ತೆರೆದೇ ಇರಬೇಕಾದ ಜೇಬು

ಸಿಸ್ಟರಕ್ಕನ ಬಾಯಿಗೆ ಹೆದರದವರು ಆ ಆಸ್ಪತ್ರೆಯಲ್ಲಿ ಇಬ್ಬರೇ ಇದ್ದರು. ಒಬ್ಬರು ದೊಡ್ಡ ಡಾಕ್ಟರು, ಇನ್ನೊಬ್ಬರು ಅರಿವಳಿಕೆ ಕೊಟ್ಟು ಮಲಗಿಸಿದ ರೋಗಿ. ಡಾಕ್ಟರು ಹೆದರುತ್ತಿರಲಿಲ್ಲ ಎಂದು ನಾನೇನೂ ಎದೆ ತಟ್ಟಿ ಹೇಳಲಾರೆ. ಆಪರೇಷನ್ ಥಿಯೇಟರಿನಲ್ಲಿ ಅವರ ಎದುರು ನಿಂತು ಕತ್ತರಿ, ಚಿಮಟ, ಸೂಜಿ ದಾರ ಎತ್ತಿ ಕೊಡುವುದು ಅವಳ ಕೆಲಸ. ಕೊಟ್ಟ ಸಾಮಾನು ಅಂಗೈಯಲ್ಲಿ ಪಟ್ ಎಂದು ಕೂರಬೇಕು. ಕೂರದಿದ್ದರೆ ತಪ್ಪು ಕೈಯದು, ಅವಳದಲ್ಲ.

ಆ ಥಿಯೇಟರಿಗೆ ಒಂದು ಪದ್ಧತಿ ಇತ್ತು. ಡಾಕ್ಟರು ಮುಂದೆ ಏನು ಮಾಡುತ್ತೇನೆಂದು ಬಾಯಿಬಿಟ್ಟು ಹೇಳಬೇಕು, ಎದುರು ನಿಂತವಳು ಅದನ್ನು ತನ್ನ ಮಾತಿನಲ್ಲಿ ತಿರುಗಿ ಹೇಳಬೇಕು, ಆಮೇಲಷ್ಟೇ ಕೈಗೆ ಸಾಮಾನು. "ಕಟ್ಟಿ ಕತ್ತರಿಸ್ತೀನಿ" ಎಂದರೆ "ಕಟ್ತೀರಿ, ಆಮೇಲೆ ಕತ್ತರಿಸ್ತೀರಿ." ಹಿಂದೆ ಯಾವಾಗಲೋ ಡಾಕ್ಟರ ತಲೆಯಲ್ಲಿ ಒಂದು, ನರ್ಸಿನ ಕೈಯಲ್ಲಿ ಇನ್ನೊಂದು ಆಗಿ ಎಡವಟ್ಟಾಗುವುದರಲ್ಲಿತ್ತಂತೆ. ಅಂದಿನಿಂದ ಇದು ಶುರುವಾಯಿತು. ಹೊಸದಾಗಿ ಬಂದವರು ಇದೇನು ಮಗ್ಗಿ ಒಪ್ಪಿಸೋದಾ ಎಂದು ಮುಸಿಮುಸಿ ನಗುತ್ತಿದ್ದರು. ಸಿಸ್ಟರಕ್ಕ ಒಮ್ಮೆ ಕಣ್ಣು ಬಿಟ್ಟರೆ ನಗು ಮಾಸ್ಕಿನೊಳಗೇ ಇಂಗಿ ಹೋಗುತ್ತಿತ್ತು.

ಅವಳು ಸೇರಿದ ಹೊಸದರಲ್ಲಿ ಒಂದು ದಿನ ಡಾಕ್ಟರು ಕೈ ಚಾಚಿ, "ಮಾರ್ಸುಪಿಯಲೈಸ್ ಮಾಡ್ತೀನಿ" ಎಂದರು. ಅವಳು ಬೆಪ್ಪಾದಳು. ಅಂಥ ಪದವನ್ನು ಅವಳು ಜನ್ಮದಲ್ಲಿ ಕೇಳಿರಲಿಲ್ಲ, ಇನ್ನು ತಿರುಗಿ ಹೇಳುವುದೆಲ್ಲಿಂದ ಬಂತು? "ಮಾರ್ಸು... ಮಾರ್ಸುಪ್ಪಿ..." ಎಂದು ತಡವರಿಸಿದಳು. ಚಾಚಿದ ಕೈ ಚಾಚಿದಂತೆಯೇ ಇಟ್ಟುಕೊಂಡು ಡಾಕ್ಟರು ಬಿಡಿಸಿ ಹೇಳಿದರು. ದೇಹದೊಳಗೆ ಕೆಲವೊಮ್ಮೆ ನೀರು ತುಂಬಿದ ಚೀಲ ಬೆಳೆಯುತ್ತದೆ. ಕಿತ್ತು ಹಾಕಬಹುದಾದರೆ ಒಳ್ಳೆಯದೇ. ಆದರೆ ಕೆಲವು ಚೀಲಗಳು ಎಂಥ ಜಾಗಕ್ಕೆ ಅಂಟಿಕೊಂಡಿರುತ್ತವೆ ಎಂದರೆ, ಕೀಳಲು ಹೋದರೆ ಜೊತೆಗೆ ಬೇರೇನೋ ಹರಿದು ಬರುತ್ತದೆ. ಆಗ ಚೀಲಕ್ಕೆ ಬಾಯಿ ಕೊಯ್ದು, ಅದರ ಅಂಚನ್ನು ಹೊರಕ್ಕೆ ಮಡಚಿ, ಸುತ್ತಲಿನ ಚರ್ಮಕ್ಕೆ ಹೊಲಿದುಬಿಡುವುದು. ಚೀಲ ಒಳಗೇ ಇರುತ್ತದೆ, ಬಾಯಿ ತೆರೆದೇ ಇರುತ್ತದೆ. ತುಂಬಿದ್ದೆಲ್ಲ ಹರಿದು ಹೋಗಿ, ತಳದಿಂದ ಕೂಡುತ್ತ ಬಂದು ಚೀಲ ತಾನಾಗಿ ಸಣ್ಣದಾಗುತ್ತದೆ. ಕಾಂಗರೂವಿನ ಹೊಟ್ಟೆಯ ಚೀಲದ ಹೆಸರಿನಿಂದ ಬಂದ ಪದವಂತೆ ಅದು.

ಸಂಜೆ ಮನೆಗೆ ಬಂದು ಗಂಡನ ಮುಂದೆ ಹೇಳಿಕೊಂಡಳು. ಗಂಡ ಟೈಲರು. ಮನೆಯ ಮುಂದಿನ ಕೋಣೆಯೇ ಅಂಗಡಿ. ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡು ಅಂಗಿ ಹೊಲಿಯುತ್ತಿದ್ದವನು ಸೂಜಿಗಳನ್ನು ಒಂದೊಂದಾಗಿ ತೆಗೆದಿಟ್ಟು ನಕ್ಕ.

"ಅಂಚು ಮಡಚೋದು, ಸುತ್ತ ಹೊಲಿಯೋದು, ಬಾಯಿ ಬಿಡೋದು. ಜೇಬು ಕಣೇ ಅದು! ಇಷ್ಟಕ್ಕೆ ನಿಮ್ಮ ಡಾಕ್ಟ್ರು ಕಾಂಗರೂ ತನಕ ಹೋಗ್ಬೇಕಿತ್ತಾ?"

ಮುಂದಿನ ಸಲ ಡಾಕ್ಟರು ಆ ಪದ ಹೇಳಿದಾಗ ಅವಳು ಟಕ್ಕನೆ "ಜೇಬು ಮಾಡ್ತೀರಿ" ಎಂದಳು. ಡಾಕ್ಟರು ಮಾಸ್ಕಿನೊಳಗೇ ಗೊಳ್ಳೆಂದು ನಕ್ಕರು. ಪದ ಬೇರು ಬಿಟ್ಟಿತು. "ಇವತ್ತು ಮೊದಲನೇದು ಕೀಳೋದು, ಆಮೇಲೊಂದು ಜೇಬು" ಎನ್ನುವುದು ಮಾಮೂಲಾಯಿತು. ಹಾಗಂತ ಸಿಕ್ಕಿದ್ದಕ್ಕೆಲ್ಲ ಆ ಹೆಸರಿಡಲು ಅವಳು ಬಿಡುತ್ತಿರಲಿಲ್ಲ. ಕೀವು ಕೊಯ್ದು ಹರಿಸಿದ್ದನ್ನು ಯಾರಾದರೂ ಜೇಬು ಎಂದರೆ ಗದರುತ್ತಿದ್ದಳು, "ಅಂಚು ಹೊಲಿದಿದ್ರೆ ಜೇಬು, ಇಲ್ದಿದ್ರೆ ಬರೀ ತೂತು." ಹೊರಗೆ ಕಾಯುವ ರೋಗಿಯ ಕಡೆಯವರಿಗೆ ತಿಳಿಸಿ ಹೇಳುವುದೂ ಅವಳ ಪಾಲಿಗೇ ಬಂತು. ಎಲ್ಲರದೂ ಒಂದೇ ಪ್ರಶ್ನೆ, "ಪೂರ್ತಿ ತೆಗೆದ್ರಾ?" ಇಲ್ಲ, ಒಳಗೇ ಬಿಟ್ಟಿದ್ದಾರೆ ಎಂದರೆ ಮುಖ ಬಾಡುತ್ತಿತ್ತು. ಅವಳು ಪಕ್ಕದಲ್ಲಿ ಕೂತು, ಮುಚ್ಚದ ಹಾಗೆ ನೋಡಿಕೊಳ್ಳುವುದೇ ಮದ್ದು ಎಂದು ತಾಳ್ಮೆಯಿಂದ ಹೇಳುತ್ತಿದ್ದಳು. ಆ ಒಂದು ವಿಷಯದಲ್ಲಿ ಮಾತ್ರ ಅವಳಿಗೆ ತಾಳ್ಮೆ ಇತ್ತು.

ಆಮೇಲೆ ಅದೇ ಜೇಬು ಅವಳ ಮನೆಗೇ ಬಂತು. ಗಂಡನ ಲಿವರಿನಲ್ಲಿ ಚೀಲವೊಂದು ಸೇರಿಕೊಂಡಿತ್ತು. ಕೀಳುವ ಹಾಗಿರಲಿಲ್ಲ. ಡಾಕ್ಟರು ಪಕ್ಕೆಯಲ್ಲಿ ಅದರ ಬಾಯಿ ತೆರೆದು ಹೊಲಿದರು. "ನಾನಿಟ್ಟ ಹೆಸರು ನನ್ನ ಮೈಗೇ ಬಂತಲ್ಲೇ" ಎಂದು ಅವನು ಹಾಸಿಗೆಯಲ್ಲೇ ತಮಾಷೆ ಮಾಡಿದ. ಮನೆಗೆ ಬಂದ ಮೇಲೆ ತಮಾಷೆ ಉಳಿಯಲಿಲ್ಲ. ಬಟ್ಟೆ ಒದ್ದೆಯಾಗುತ್ತಿತ್ತು, ವಾಸನೆ ಬರುತ್ತಿತ್ತು. ಅಳತೆ ಕೊಡಲು ಬಂದವರು ಒಂದು ಹೆಜ್ಜೆ ಹಿಂದೆ ನಿಲ್ಲುತ್ತಿದ್ದರು. ಜೀವಮಾನವಿಡೀ ಬಿಚ್ಚಿದ್ದನ್ನು ಕೂಡಿಸಿ ಬದುಕಿದ ಮನುಷ್ಯ, ತನ್ನ ಮೈಯಲ್ಲೇ ಒಂದು ಬಿಚ್ಚಿದ ಬಾಯಿ ಇಟ್ಟುಕೊಂಡು ಕೂರುವುದು ಅವನಿಂದಾಗಲಿಲ್ಲ. ಅವಳು ಕೆಲಸಕ್ಕೆ ಹೋದ ಮೇಲೆ, ಬಾಯಿ ಮುಚ್ಚದಂತೆ ಒಳಗೆ ತುರುಕಿದ್ದ ಬಟ್ಟೆಯ ಬತ್ತಿ ಕಿತ್ತು, ಅಂಚಿಗೆ ಅಂಚು ಎಳೆದು, ಮೇಲೆ ಪಟ್ಟಿ ಅಂಟಿಸಿಕೊಳ್ಳುತ್ತಿದ್ದ. ಅವಳು ಬರುವ ಹೊತ್ತಿಗೆ ಎಲ್ಲ ಮೊದಲಿನಂತೆ. ಕೆಲವು ವಾರಗಳಲ್ಲಿ ಗಾಯ ಗೆರೆಯಷ್ಟಾಯಿತು. ಅವಳು ದೀಪ ಹಿಡಿದು ನೋಡಿ, ತಳದಿಂದಲೇ ತುಂಬಿ ಬಂದಿದೆ ಎಂದುಕೊಂಡು, "ಎಷ್ಟು ಚೆನ್ನಾಗಿ ಕೂಡಿದೆ ನೋಡಿ!" ಎಂದಳು. ಅವನು ಹೊಗಳಿಸಿಕೊಂಡ ಮಗುವಿನ ಹಾಗೆ ಹಿಗ್ಗಿದ. ಒಳಗೆ ತುಂಬುತ್ತಲೇ ಇತ್ತು. ಚಳಿಜ್ವರ ಹತ್ತಿ, ಆಸ್ಪತ್ರೆಗೆ ಹೊತ್ತುಕೊಂಡು ಹೋಗುವಷ್ಟರಲ್ಲಿ ನಂಜು ಮೈಗೆಲ್ಲ ಏರಿತ್ತು. ಪಟ್ಟಿಯ ವಿಷಯ ಅವನು ಬಾಯಿಬಿಟ್ಟದ್ದು ಕೊನೆಯ ಬೆಳಿಗ್ಗೆ.

ಮಗಳು ಆಗ ಚಿಕ್ಕವಳು. ಅಪ್ಪ ಹೊಟ್ಟೆರೋಗದಿಂದ ಹೋದ ಎಂದಷ್ಟೇ ಅವಳಿಗೆ ಹೇಳಿದ್ದು. ಸಿಸ್ಟರಕ್ಕ ಮತ್ತೆ ಕೆಲಸಕ್ಕೆ ಬಂದಳು, "ಜೇಬು ಮಾಡ್ತೀರಿ" ಎಂದು ತಿರುಗಿ ಹೇಳಿದಳು, ಸಾಮಾನು ಕೊಟ್ಟಳು. ಹೊರಗೆ ಕಾಯುವವರಿಗೆ ಮಾತ್ರ ಈಗ ಮೇಲೆ ಪಟ್ಟಿ ಅಂಟಿಸಬೇಡಿ ಎಂದು ಎರಡೆರಡು ಸಲ ಹೇಳುತ್ತಿದ್ದಳು.

ಮಗಳನ್ನು ಎಲ್ಲರೂ ಕರೆಯುತ್ತಿದ್ದದ್ದು ಗಿಣಿ ಎಂದು. ಮಾತು ಕಲಿತ ಮೇಲೆ ಬಾಯಿ ಮುಚ್ಚಿದವಳಲ್ಲ. ಬಾಯಿಯೇ ಅನ್ನ ಹುಟ್ಟಿಸಿಕೊಂಡಿತು. ಊರಿನ ಬಸ್ ನಿಲ್ದಾಣದಲ್ಲಿ ಮೈಕಿನ ಮುಂದೆ ಕೂತು ಯಾವ ಬಸ್ಸು ಎಲ್ಲಿಗೆ, ಯಾವಾಗ ಎಂದು ಕೂಗಿ ಹೇಳುವ ಕೆಲಸ ಸಿಕ್ಕಿತು. ಅವಳ ದನಿ ಕೇಳಲೆಂದೇ ಬಸ್ಸು ತಪ್ಪಿಸಿಕೊಂಡವರಿದ್ದಾರೆ ಎಂದು ಡ್ರೈವರುಗಳು ರೇಗಿಸುತ್ತಿದ್ದರು. ಅಮ್ಮನೂ ರಜೆ ಇದ್ದ ದಿನ ಏನೋ ನೆಪ ಮಾಡಿಕೊಂಡು ನಿಲ್ದಾಣದ ಕಡೆ ಹೋಗಿ, ಕೇಳಿ ಬರುತ್ತಿದ್ದಳು. ಕೇಳಿದರೆ "ತರಕಾರಿಗೆ ಹೋಗಿದ್ದೆ" ಎನ್ನುತ್ತಿದ್ದಳು.

ಗಿಣಿಯ ಕೆನ್ನೆಯ ಕೆಳಗೆ ಊತ ಬಂದಾಗ ಹಲ್ಲುನೋವು ಎಂದುಕೊಂಡರು. ಎಕ್ಸ್‌ರೇ ನೋಡಿದ ಡಾಕ್ಟರು ಅದನ್ನು ಸಿಸ್ಟರಕ್ಕನ ಕೈಗೇ ಕೊಟ್ಟರು. ಕೆಳದವಡೆಯ ಮೂಳೆಯೊಳಗೆ ಒಂದು ಚೀಲ. ಮೂಳೆಯನ್ನು ಒಳಗಿಂದ ಕೊರೆದು ಮೊಟ್ಟೆಯ ಸಿಪ್ಪೆಯಷ್ಟು ಮಾಡಿಟ್ಟಿತ್ತು.

"ಕಿತ್ತು ಹಾಕಿ ಡಾಕ್ಟ್ರೇ" ಎಂದಳು ಅವಳು, ಅವರು ಬಾಯಿ ತೆರೆಯುವ ಮೊದಲೇ.

"ಕೀಳಬಹುದೋ ಇಲ್ವೋ ತೆರೆದು ನೋಡಿದ ಮೇಲೇ ಹೇಳಬೇಕು. ಕೆಳತುಟಿಯ ನರ ಅಲ್ಲೇ ಹಾದು ಹೋಗುತ್ತೆ. ಇಲ್ಲಾಂದ್ರೆ..."

"ಇಲ್ಲಾಂದ್ರೆ ಇಲ್ಲ. ಆ ಇನ್ನೊಂದರ ಹೆಸರೆತ್ತಬೇಡಿ."

ಡಾಕ್ಟರು ತಲೆ ತಗ್ಗಿಸಿದರು. ಟೈಲರನಿಗೆ ಜೇಬು ಮಾಡಿದ್ದು ಅವರೇ ಅಲ್ಲವೇ. ಗಿಣಿ ಇಬ್ಬರ ಮುಖವನ್ನೂ ನೋಡಿ, "ಕೀಳಲಿ, ಬಿಡಲಿ, ನನಗೇನೂ ತಿಳಿಯಲ್ಲ ಡಾಕ್ಟ್ರೇ. ನಾನು ಮಲಗಿರುವಾಗ ಏನಾದ್ರೂ ಕೇಳಬೇಕು ಅಂತಾದ್ರೆ ಅಮ್ಮನ್ನ ಕೇಳಿ. ಅವಳು ಹೇಳಿದ್ದೇ ನನ್ನ ಮಾತು" ಎಂದಳು.

ರಕ್ತಸಂಬಂಧಿಗಳ ಆಪರೇಷನ್ನಿಗೆ ಒಳಗೆ ನಿಲ್ಲಕೂಡದು ಎಂಬುದು ಕಟ್ಟುನಿಟ್ಟು. ಅವಳು ಮನೆಬಟ್ಟೆಯಲ್ಲಿ ಹೊರಗಿನ ಬೆಂಚಿನ ಮೇಲೆ ಕೂತಳು. ಎಷ್ಟೋ ವರ್ಷ ಅದೇ ಬೆಂಚಿನ ಮೇಲೆ ಬೇರೆಯವರನ್ನು ಕೂರಿಸಿ ಸಮಾಧಾನ ಹೇಳಿದ್ದಳು. ಬೆಂಚು ಇಷ್ಟು ತಣ್ಣಗಿರುತ್ತದೆಂದು ಅವಳಿಗೆ ಗೊತ್ತೇ ಇರಲಿಲ್ಲ. ಒಳಗಿನಿಂದ ಸಾಮಾನಿನ ಸದ್ದು ಬಂದರೆ ಇದು ಕತ್ತರಿ, ಇದು ಚಿಮಟ ಎಂದು ಕಿವಿ ತಾನಾಗಿ ಗುರುತಿಸುತ್ತಿತ್ತು. ಒಂದು ಹೊತ್ತಿನಲ್ಲಿ ಸದ್ದು ನಿಂತಿತು. ಅವಳ ಜೀವ ಬಾಯಿಗೆ ಬಂತು.

ಬಾಗಿಲು ತಳ್ಳಿಕೊಂಡು ಡಾಕ್ಟರು ಬಂದರು. ಗ್ಲೌಸು ಹಾಕಿದ ಕೈಗಳನ್ನು ಎದೆಯ ಮಟ್ಟಕ್ಕೆ ಎತ್ತಿ ಹಿಡಿದಿದ್ದರು.

"ನರ ಚೀಲದ ಗೋಡೆಗೇ ಅಂಟಿಕೊಂಡಿದೆ ಸಿಸ್ಟರಕ್ಕ. ಕಿತ್ತರೆ ತುಟಿ ಜೋಮು ಹಿಡಿಯುತ್ತೆ, ಬಹುಶಃ ಹಾಗೇ ಉಳಿಯುತ್ತೆ. ದವಡೆ ಮುರಿದರೂ ಮುರೀಬಹುದು."

"ಅವಳ ಕೆಲಸವೇ ಬಾಯಿ" ಎಂದಳು ಅವಳು.

"ಗೊತ್ತು."

"ನಿಮ್ಮ ಮಗಳಾಗಿದ್ರೆ ಏನು ಮಾಡ್ತಿದ್ರಿ? ಸುಮ್ನೆ ನಿಲ್ಲಬೇಡಿ, ಹೇಳಿ!"

ಡಾಕ್ಟರು ಅವಳ ಕಣ್ಣನ್ನೇ ನೋಡಿದರು. "ಮಾರ್ಸುಪಿಯಲೈಸ್ ಮಾಡ್ತೀನಿ" ಎಂದರು. ಹೇಳಿ ಸುಮ್ಮನೆ ನಿಂತರು.

ಅವರು ಯಾಕೆ ನಿಂತರೆಂದು ಅವಳಿಗೆ ಗೊತ್ತು. ಹೇಳಿದ್ದನ್ನು ತಿರುಗಿ ಹೇಳುವವರೆಗೆ ಅವರ ಕೈ ಮುಂದಕ್ಕೆ ಹೋಗದು, ಅಷ್ಟು ವರ್ಷದ ರೂಢಿ. ಗಂಡನ ಪಕ್ಕೆಯ ಆ ಚಂದದ ಗೆರೆ ಕಣ್ಣಿಗೆ ಕಟ್ಟಿತು. ಆಗುವುದಿಲ್ಲ ಎಂದು ಕಿರುಚಬೇಕೆನಿಸಿತು. ಒಳಗೆ ಬಾಯಿ ತೆರೆದುಕೊಂಡು ಮಗಳು ಮಲಗಿದ್ದಾಳೆ, ಹೊತ್ತು ಓಡುತ್ತಿದೆ.

"ಜೇಬು ಮಾಡ್ತೀರಿ" ಎಂದಳು.

ಬಾಗಿಲು ಮುಚ್ಚಿಕೊಂಡಿತು. ಅವಳು ಬೆಂಚಿನ ಅಂಚು ಹಿಡಿದು, ಹೋಗಿ ಬರುವವರೆಲ್ಲ ತಿರುಗಿ ನೋಡುವ ಹಾಗೆ ಗಟ್ಟಿಯಾಗಿ ಅತ್ತಳು.

ಗಿಣಿಯ ಬಾಯೊಳಗೆ, ಕೆಳಗಿನ ಒಸಡಿನ ಹೊರಗಡೆ, ಒಂದು ಸಣ್ಣ ಕಿಟಕಿ ಉಳಿಯಿತು. ಮೊದಲು ಅದರಲ್ಲಿ ಬತ್ತಿ ಇಟ್ಟರು. ಅಂಚು ಒಣಗಿದ ಮೇಲೆ ಅಳತೆ ತೆಗೆದು, ಬಾಟಲಿಯ ಬಿರಡೆಯಂಥ ಒಂದು ಪ್ಲಾಸ್ಟಿಕ್ ತುಣುಕು ಮಾಡಿಸಿ ಕೊಟ್ಟರು. ತಿಂದಾಗಲೆಲ್ಲ ಬಿರಡೆ ತೆಗೆಯಬೇಕು, ಸಿರಿಂಜಿನಲ್ಲಿ ಉಪ್ಪುನೀರು ಬಿಟ್ಟು ತೊಳೆಯಬೇಕು, ಮತ್ತೆ ಹಾಕಬೇಕು. ಮೂಳೆ ತುಂಬಿ ಬರಲು ವರ್ಷವಾದರೂ ಬೇಕು. ಬಿರಡೆ ಬಿಟ್ಟರೆ ಕಿಟಕಿ ಮುಚ್ಚಿಕೊಳ್ಳುತ್ತದೆ. ಇದನ್ನೆಲ್ಲ ಡಾಕ್ಟರು ಹೇಳುವಾಗ ಅಮ್ಮ ಒಂದೊಂದನ್ನೂ ತಿರುಗಿ ಹೇಳಿದಳು.

ಮನೆಯಲ್ಲಿ ಮೊದಲ ಸಲ ತೊಳೆಯಲು ಕೂತಾಗ ಅವಳು ಸಿರಿಂಜನ್ನು ಎರಡು ಸಲ ತುಂಬಿ ಎರಡು ಸಲವೂ ಚೆಲ್ಲಿದಳು. ಥಿಯೇಟರಿನಲ್ಲಿ ಯಾವತ್ತೂ ತಪ್ಪದ ಕೈ. ಗಿಣಿ ಕನ್ನಡಿ ಕೆಳಗಿಟ್ಟು, "ಹೇಳಮ್ಮ, ಈಗ ಏನು ಮಾಡ್ತೀಯ?" ಎಂದಳು.

"ತೊಳೀತೀನಿ."

"ತೊಳೀತೀಯ" ಎಂದು ತಿರುಗಿ ಹೇಳಿ ಬಾಯಿ ತೆರೆದಳು ಗಿಣಿ. ಅಮ್ಮನ ಪದ್ಧತಿ ಅವಳಿಗೆ ಹುಟ್ಟಿದಾಗಿನಿಂದ ಗೊತ್ತು.

ಬಿರಡೆ ಹಾಕಿದ ಮೇಲೆ ಒಂದು ತೊಂದರೆಯಾಯಿತು. ಸ ಎನ್ನಲು ಹೋದರೆ ಉಗುಳು ಸೇರಿ ಶ ಎನ್ನುವ ಹಾಗೆ ಕೇಳುತ್ತಿತ್ತು. ಬಸ್ ನಿಲ್ದಾಣದಲ್ಲಿ ಕೂತವಳಿಗೆ ಸ ಇಲ್ಲದೆ ನಡೆಯುತ್ತದೆಯೇ? "ಶೇತುವೆ ಕಡೆಯ ಬಶ್ಶು" ಎಂದು ಸ್ಪೀಕರಿನಲ್ಲಿ ಬಂದರೆ ಕಾಲೇಜು ಹುಡುಗರು ಅದನ್ನೇ ಕೂಗಿ ಕುಣಿಯುತ್ತಿದ್ದರು. ನಿಲ್ದಾಣದ ಮೇಲ್ವಿಚಾರಕ ಒಳ್ಳೆಯವನೇ, ಆದರೂ ಅವನಿಗೂ ಮೇಲಿನವರಿದ್ದರು. "ಬೇಗ ಸರಿಯಾಗದಿದ್ರೆ ಹಿಂದೆ ಪಾರ್ಸೆಲ್ ವಿಭಾಗಕ್ಕೆ ಹೋಗ್ಬೇಕಾಗುತ್ತಮ್ಮ. ಮೈಕಿಗೆ ಬೇರೆಯವರನ್ನ ಹುಡುಕ್ತಾ ಇದ್ದಾರೆ" ಎಂದ. ಗಿಣಿ ಮನೆಯಲ್ಲಿ ಇದನ್ನು ಹೇಳಲಿಲ್ಲ. ಸ್ವಲ್ಪ ದಿನ ಬಿಟ್ಟು, "ಈಗ ಅಭ್ಯಾಸ ಆಯ್ತಮ್ಮ, ಯಾರೂ ನಗಲ್ಲ" ಎಂದಳು. ಮನೆಯಲ್ಲಿ ಅವಳ ಸ ಹಾಗೆಯೇ ಇತ್ತಾದರೂ ಅಮ್ಮ ನಂಬಿದಳು. ಸಂಜೆ ತೊಳೆಯುವಾಗ ಬಿರಡೆ ಸ್ವಲ್ಪ ಬಿಗಿ ಎನಿಸಿದರೂ, ಹೊಸದಾಗಿ ಮಾಡಿಸಿದ್ದಲ್ಲವೇ, ಕೂರಲು ಹೊತ್ತು ಬೇಕು ಎಂದುಕೊಂಡಳು.

ಅಮ್ಮನ ರಜೆಯೆಲ್ಲ ಆಪರೇಷನ್ನಿನ ಹೊತ್ತಿಗೇ ಮುಗಿದಿತ್ತು, ಕೆಲಸ ಬೆಳಗಾಗುತ್ತಲೇ ಶುರು. ಅವಳು ನಿಲ್ದಾಣ ದಾಟುವಾಗ ಮೈಕಿನ ಕೋಣೆಯ ಬಾಗಿಲೇ ತೆರೆದಿರುತ್ತಿರಲಿಲ್ಲ. ಒಂದು ದಿನ ಥಿಯೇಟರಿನ ನೀರಿನ ಪೈಪು ಒಡೆದು ಆಪರೇಷನ್ನುಗಳೆಲ್ಲ ಮುಂದಕ್ಕೆ ಹೋದವು. ಮಧ್ಯಾಹ್ನಕ್ಕೆ ಮುಂಚೆಯೇ ಹೊರಟು ನಿಲ್ದಾಣದಲ್ಲಿ ಇಳಿದಳು. ಜನಜಂಗುಳಿ. ತಲೆಯ ಮೇಲೆ ಸ್ಪೀಕರು ಕರಕರ ಎಂದಿತು.

"ಪ್ರಯಾಣಿಕರ ಗಮನಕ್ಕೆ. ಸೇತುವೆ ಮಾರ್ಗವಾಗಿ ಸಂತೆಪೇಟೆಗೆ ಹೋಗುವ ಬಸ್ಸು ಸದ್ಯದಲ್ಲೇ ಹೊರಡಲಿದೆ."

ಒಂದೊಂದು ಅಕ್ಷರವೂ ತೊಳೆದಿಟ್ಟ ಹಾಗಿತ್ತು. ಪಕ್ಕದಲ್ಲಿ ಯಾರೋ, "ಅಬ್ಬ, ಹುಡುಗಿ ದನಿ ಸರಿಹೋಯ್ತು" ಎಂದರು. ಸರಿಹೋಗಲು ಸಾಧ್ಯವೇ ಇಲ್ಲ. ಬಿರಡೆ ಬಾಯಲ್ಲಿದ್ದರೆ ಆ ಸ ಬರುವುದೇ ಇಲ್ಲ.

ಸಿಸ್ಟರಕ್ಕ ಕೈಚೀಲ ಎದೆಗವಚಿಕೊಂಡು ಓಡಿದಳು. ಯಾರದೋ ಕಾಲು ತುಳಿದಳು, ಬೈಸಿಕೊಂಡಳು. ಮೆಟ್ಟಿಲು ಹತ್ತಿ ಮೈಕಿನ ಗಾಜಿನ ಕೋಣೆಯ ಬಾಗಿಲು ದೂಡಿದಾಗ ಅವಳಿಗೆ ಉಸಿರಿರಲಿಲ್ಲ. ಗಿಣಿ ತಿರುಗಿ ನೋಡಿ ಬಿಳಿಚಿಕೊಂಡಳು. ಮೇಜಿನ ಮೇಲೆ, ಮಡಚಿದ ಕರವಸ್ತ್ರದಲ್ಲಿ, ಬಿರಡೆ ಇತ್ತು.

"ಎಷ್ಟು ದಿನದಿಂದ?"

"ಅಮ್ಮ, ಮೈಕಿನ ಹೊತ್ತಲ್ಲಿ ಮಾತ್ರ..."

"ಎಷ್ಟು ದಿನದಿಂದ ಕಣೇ, ಹೇಳು!"

"ಎರಡು ಮೂರು ವಾರ ಆಯ್ತು. ಸಂಜೆ ಹಾಕ್ಕೊಳ್ತಿದ್ನಲ್ಲ. ಇಲ್ದಿದ್ರೆ ಕೆಲಸ ಬೇರೆಯವಳಿಗೆ ಕೊಡ್ತಾರೆ. ಮತ್ತೆ ನೋವೂ ಇಲ್ಲಮ್ಮ, ಚೆನ್ನಾಗೇ ಕೂಡ್ತಾ ಇದೆ."

"ಬಾಯಿ ತೆಗಿ."

ಮೊಬೈಲಿನ ದೀಪ ಹಾಕಿ ನೋಡಿದಳು. ಕಿಟಕಿ ದಾರ ಎಳೆದ ಚೀಲದ ಬಾಯಿಯ ಹಾಗೆ ಸುಕ್ಕುಗಟ್ಟಿ ಸೇರಿಕೊಂಡಿತ್ತು. ಸುತ್ತ ಗುಲಾಬಿ ಬಣ್ಣ, ಎಲ್ಲೂ ಕೆಂಪಿಲ್ಲ, ನೋಡಲು ಚಂದ. ಇಷ್ಟೇ ಚಂದ ಇತ್ತು ಗಂಡನ ಪಕ್ಕೆಯ ಗೆರೆಯೂ. ಬಿರಡೆಯನ್ನು ಬಾಟಲಿ ನೀರಲ್ಲಿ ತೊಳೆದು ಒತ್ತಿದಳು. ಹೋಗಲಿಲ್ಲ. ತಿರುಗಿಸಿ ಒತ್ತಿದಳು. ಗಿಣಿ ನರಳಿ ಅವಳ ಮಣಿಕಟ್ಟು ಹಿಡಿದು ದೂಡಿದಳು.

"ಬಿಡಮ್ಮ, ನೋಯುತ್ತೆ! ಮುಚ್ಚಿದ್ರೆ ಮುಚ್ಚಲಿ, ಏನಾಗುತ್ತೆ?"

"ನಿಮ್ಮಪ್ಪ ಹೋಗಿದ್ದು ಹೀಗೇ ಕಣೇ!"

ಗಿಣಿಯ ಕೈ ಸಡಿಲವಾಯಿತು.

"ಹೊಟ್ಟೆರೋಗ ಅಲ್ಲ. ನನಗೆ ಗೊತ್ತಾಗದ ಹಾಗೆ ಬಾಯಿ ಮುಚ್ಚಿಕೊಂಡ, ನಾಚಿಕೆ ಅಂತ. ನಾನು ನೋಡಿ ಚೆನ್ನಾಗಿ ಕೂಡಿದೆ ಅಂದೆ. ನನ್ನ ಬಾಯಿಂದಲೇ ಅಂದೆ. ಒಳಗೆಲ್ಲ ಕೀವಾಗಿ ಹೋದ. ನೀನೂ ಹಾಗೇ ಮಾಡ್ತೀಯಾ? ಮಾಡ್ತೀಯಾ ಹೇಳು!"

ಕೆಳಗೆ ಬಸ್ಸೊಂದು ಹಾರ್ನ್ ಹೊಡೆಯಿತು. ಮೇಲ್ವಿಚಾರಕ ಗಾಜು ತಟ್ಟಿ ಕೈಸನ್ನೆ ಮಾಡಿದ, ಮುಂದಿನ ಬಸ್ಸು ನಿಂತಿದೆ, ಕೂಗು ಎಂದು. ತಾಯಿ ಮಗಳು ಯಾರೂ ಅತ್ತ ನೋಡಲಿಲ್ಲ. ಗಿಣಿಯ ಕಣ್ಣಿಂದ ನೀರು ಧಾರೆಯಾಗಿ ಇಳಿಯುತ್ತಿತ್ತು. ಮೂಗು ಒರೆಸಿಕೊಂಡು, ಕುರ್ಚಿಯ ಬೆನ್ನಿಗೆ ತಲೆ ಒತ್ತಿ ಕೂತು, "ಈಗ ಏನು ಮಾಡ್ತೀಯ?" ಎಂದಳು.

"ಬಾಯಿ ತೆರೀತೀನಿ."

"ತೆರೀತೀಯ" ಎಂದು ಕಣ್ಣು ಮುಚ್ಚಿದಳು.

ಅಮ್ಮನ ಕೈ ಈಗ ಥಿಯೇಟರಿನ ಕೈಯಾಗಿತ್ತು. ಬಿರಡೆಯ ಅಂಚನ್ನು ಓರೆಯಾಗಿ ಇಟ್ಟು, ಒಂದೇ ಸಮ ಒತ್ತುತ್ತ, ಕೂದಲೆಳೆಯಷ್ಟು ತಿರುಗಿಸುತ್ತ ಹೋದಳು. ಹಿಡಿದುಕೊಂಡದ್ದು ಜಾರಿತು, ಮತ್ತೆ ಇಟ್ಟಳು. ಈಗಲೂ ಹೋಗದಿದ್ದರೆ ಮತ್ತೆ ಟೇಬಲ್ಲು, ಮತ್ತೆ ಅರಿವಳಿಕೆ, ಮತ್ತೆ ಆ ಬೆಂಚು. ಗಿಣಿ ಮೇಜಿನ ಕಾಲನ್ನು ಅವುಚಿ ಹಿಡಿದಿದ್ದಳು. ಏನೋ ಸಡಿಲವಾದ ಹಾಗಾಯಿತು. ಪಕ್ಕದಿಂದ ಕಲಗಚ್ಚಿನಂಥ ನೀರು ಸ್ವಲ್ಪ, ಅದರ ಹಿಂದೆ ರಕ್ತ ಸ್ವಲ್ಪ ಹರಿದು ಬಂತು. ಅಮ್ಮನಿಗೆ ಆ ವಾಸನೆ ಗೊತ್ತಿತ್ತು. ಅದು ಹೊರಗೆ ಬಂತಲ್ಲ ಎಂದು ಅವಳಿಗೆ ಕೈ ಮುಗಿಯುವಷ್ಟು ಸಂತೋಷವಾಯಿತು. ಇನ್ನೊಮ್ಮೆ ಒತ್ತಿದಳು. ಬಿರಡೆ ಸರಿದು ತನ್ನ ಜಾಗದಲ್ಲಿ ಕೂತಿತು.

"ಸಂಜೆ ಡಾಕ್ಟ್ರ ಹತ್ರ ಹೋಗೋಣ. ಬೈತಾರೆ, ಬೈಸ್ಕೊಳ್ಳೋಣ."

ಗಿಣಿ ತಲೆಯಾಡಿಸಿದಳು. ಗಾಜಿನಾಚೆ ಮೇಲ್ವಿಚಾರಕ ಇನ್ನೂ ಕೈ ಬೀಸುತ್ತಿದ್ದ. ಅವಳು ಅವನನ್ನು ನೋಡಿದಳು, ಅಮ್ಮನನ್ನು ನೋಡಿದಳು. ಬಾಯಿ ಒರೆಸಿಕೊಂಡು ಮೈಕಿನ ಗುಂಡಿ ಒತ್ತಿದಳು.

ಸಿಸ್ಟರಕ್ಕ ಮೆಟ್ಟಿಲಿಳಿದು ಬಂದು ಕೆಳಗಿನ ಬೆಂಚಿನ ಮೇಲೆ ಕೂತಳು. ತಲೆಯ ಮೇಲೆ ಸ್ಪೀಕರು ಕರಕರ ಎಂದು, ಇಡೀ ನಿಲ್ದಾಣಕ್ಕೆ ಕೇಳುವ ಹಾಗೆ, "ಆಶ್ಪತ್ರೆ ರಶ್ತೆಯ ಬಶ್ಶು ಶದ್ಯದಲ್ಲೇ ಹೊರಡಲಿದೆ" ಎಂದಿತು. ದನಿ ಅತ್ತು ಒದ್ದೆಯಾಗಿತ್ತು. ಅತ್ತ ಕಡೆ ಹುಡುಗರು ಕೇಕೆ ಹಾಕಿದರು. ಪಕ್ಕದಲ್ಲಿ ಗಂಟು ಇಟ್ಟುಕೊಂಡು ಕೂತಿದ್ದ ಮುದುಕ ಅವಳ ಕಡೆ ವಾಲಿ ಕೇಳಿದ.

"ಏನಮ್ಮ, ಆ ಹುಡುಗಿಗೆ ಸರಿಯಾಗಿ ಮಾತಾಡಕ್ಕೆ ಬರಲ್ವಾ?"

"ಬರುತ್ತೆ ಕಣಪ್ಪ" ಎಂದಳು ಅವಳು, ಕಣ್ಣೊರೆಸಿಕೊಳ್ಳುತ್ತ. "ಸದ್ಯಕ್ಕೆ ಬರಬಾರದು, ಅಷ್ಟೇ."

ಮುದುಕ ಅರ್ಥವಾಗದೆ ತನ್ನ ಗಂಟಿನ ಕಡೆ ತಿರುಗಿಕೊಂಡ. ಅವಳು ಮುಂದಿನ ಬಸ್ಸು ಕೂಗುವವರೆಗೂ ಅಲ್ಲೇ ಕೂತಿದ್ದಳು.